ಮೆನುವಿನಲ್ಲಿ ಇಲ್ಲದ್ದು

ಕಂಪ್ಯೂಟರ್ ಆಟಗಳ ಇತಿಹಾಸ ಬರೆಯುವವರು ಆಟಗಳ ಬಗ್ಗೆ ಬರೆಯುತ್ತಾರೆ, ಅವನ್ನು ಮಾಡಿದ ಕಂಪನಿಗಳ ಬಗ್ಗೆ, ಚಿಪ್ಪುಗಳ ಬಗ್ಗೆ ಬರೆಯುತ್ತಾರೆ. ಸೆಟ್ಟಿಂಗ್ಸ್ ಪುಟದ ಬಗ್ಗೆ ಬರೆದವರು ಕಡಿಮೆ. ರೆಸಲ್ಯೂಶನ್, ನೆರಳು, ಟೆಕ್ಸ್ಚರ್, ಆ್ಯಂಟಿ-ಅಲಿಯಾಸಿಂಗ್ ಎಂದು ಸಾಲಾಗಿ ಬರೆದು, ಎದುರಿಗೆ 'ಲೋ, ಮೀಡಿಯಮ್, ಹೈ' ಎಂದು ಕೊಟ್ಟಿರುವ ಆ ಪುಟವನ್ನು ಹೆಚ್ಚಿನವರು ಒಮ್ಮೆ ನೋಡಿ ಮುಚ್ಚುತ್ತಾರೆ. ನಾನು ಮಾತ್ರ ಎಷ್ಟೋ ಸಲ ಆಟಕ್ಕಿಂತ ಆ ಪುಟದಲ್ಲೇ ಹೆಚ್ಚು ಹೊತ್ತು ಕಳೆದಿದ್ದೇನೆ. ವರ್ಷಾನುಗಟ್ಟಲೆ ಸಾಫ್ಟ್‌ವೇರ್ ಪ್ರಾಜೆಕ್ಟುಗಳನ್ನು ನಡೆಸಿದವನಿಗೆ ಅದು ಬರೀ ಪುಟವಾಗಿ ಕಾಣುವುದಿಲ್ಲ. ಯಾವ ಆಯ್ಕೆಯನ್ನು ಗಿರಾಕಿಯ ಕೈಗೆ ಕೊಡಬೇಕು, ಯಾವುದನ್ನು ಒಳಗೇ ಇಟ್ಟುಕೊಳ್ಳಬೇಕು ಎಂದು ಯಾವುದೋ ಮೀಟಿಂಗಿನಲ್ಲಿ ಯಾರೋ ತೀರ್ಮಾನಿಸಿರುತ್ತಾರೆ. ಉಡುಪಿ ಹೋಟೆಲಿನ ಬೋರ್ಡಿನ ಹಾಗೆ. ಬೋರ್ಡಿನಲ್ಲಿ ಬರೆದದ್ದಷ್ಟೇ ಅಡುಗೆಮನೆಯಲ್ಲಿರುತ್ತದೆ ಎಂದೇನೂ ಇಲ್ಲವಲ್ಲ.

ಬೋರ್ಡಿನಲ್ಲಿ ಇಲ್ಲದ್ದನ್ನು ಒಳಗೆ ಹೋಗಿ ತಾವೇ ಮಾಡಿಕೊಂಡವರ ಕಥೆ ಇದು. ಆಟದ ರೂಪ ಬದಲಿಸುವ ಹೊರಗಿನ ತಂತ್ರಾಂಶದ ತುಣುಕಿಗೆ 'ಮಾಡ್' ಎನ್ನುತ್ತಾರೆ, ಮಾಡಿಫಿಕೇಶನ್ ಎಂಬುದರ ಮೊಟಕು. ನಮ್ಮ 'ಮಾಡು' ಕ್ರಿಯಾಪದಕ್ಕೂ ಅದಕ್ಕೂ ಸಂಬಂಧವಿಲ್ಲ. ಇದ್ದಿದ್ದರೂ ಅನ್ಯಾಯವೇನೂ ಆಗುತ್ತಿರಲಿಲ್ಲ.

ಶುರು ಮಾಡಬೇಕಾದದ್ದು 1996ರಿಂದ. ಆ ವರ್ಷ ಜೂನಿನಲ್ಲಿ ಐಡಿ ಸಾಫ್ಟ್‌ವೇರ್ 'ಕ್ವೇಕ್' ಬಿಡುಗಡೆ ಮಾಡಿತು. ಚಿತ್ರ ಬಿಡಿಸುವ ಕೆಲಸವನ್ನೆಲ್ಲ ಆಗ ಮುಖ್ಯ ಪ್ರೊಸೆಸರೇ ಮಾಡಬೇಕಿತ್ತು. ವರ್ಷದ ಕೊನೆಗೆ 3ಡಿಎಫ್‌ಎಕ್ಸ್ ಕಂಪನಿಯ ವೂಡೂ ಚಿಪ್ಪಿನ ಕಾರ್ಡುಗಳು ಅಂಗಡಿಗೆ ಬಂದವು, ಮೆಮೊರಿ 4 ಎಂಬಿ. 1997ರ ಜನವರಿಯಲ್ಲಿ ಐಡಿಯವರು ಜಿಎಲ್‌ಕ್ವೇಕ್ ಕೊಟ್ಟರು. ಅದು ಓಪನ್‌ಜಿಎಲ್ ಭಾಷೆಯಲ್ಲಿ ಮಾತಾಡುತ್ತಿತ್ತು, ವೂಡೂಗೆ ಆ ಭಾಷೆ ಪೂರ್ತಿ ಬರುತ್ತಿರಲಿಲ್ಲ. ಅದಕ್ಕೆ 3ಡಿಎಫ್‌ಎಕ್ಸ್ ಒಂದು ಉಪಾಯ ಹುಡುಕಿತು. ಕ್ವೇಕ್‌ಗೆ ಬೇಕಾದಷ್ಟೇ ಓಪನ್‌ಜಿಎಲ್ ಕಲಿತ ಪುಟ್ಟ ಡ್ರೈವರ್ ಒಂದನ್ನು ಬರೆದು, ಅದಕ್ಕೆ ವಿಂಡೋಸಿನ ಸ್ವಂತ ಫೈಲಿನದೇ ಹೆಸರಿಟ್ಟು, ಆಟದ ಫೋಲ್ಡರಿನಲ್ಲಿ ಹಾಕಿಕೊಳ್ಳಿ ಎಂದಿತು. ಇದನ್ನು ಮಿನಿಜಿಎಲ್ ಎಂದು ಕರೆದರು.

ಇದು ಕೆಲಸ ಮಾಡಿದ್ದಕ್ಕೆ ಕಾರಣ ವಿಂಡೋಸಿನ ಒಂದು ಅಭ್ಯಾಸ. ಯಾವುದಾದರೂ ಪ್ರೋಗ್ರಾಂ ಒಂದು ಡಿಎಲ್‌ಎಲ್ ಬೇಕೆಂದು ಹೆಸರು ಕೂಗಿದರೆ ವಿಂಡೋಸ್ ಸಾಮಾನ್ಯವಾಗಿ ಮೊದಲು ಆ ಪ್ರೋಗ್ರಾಮಿನ ಫೋಲ್ಡರಿನಲ್ಲೇ ಹುಡುಕುತ್ತದೆ, ಅಲ್ಲಿ ಸಿಗದಿದ್ದರೆ ಸಿಸ್ಟಮ್ ಫೋಲ್ಡರಿಗೆ ಹೋಗುತ್ತದೆ. ಅಂದರೆ ಹೆಸರು ಒಂದೇ ಇದ್ದರೆ ಮನೆಯಲ್ಲಿರುವವನೇ ಓಗೊಡುತ್ತಾನೆ, ಊರಾಚೆಯವನಿಗೆ ಕರೆ ಮುಟ್ಟುವುದೇ ಇಲ್ಲ. ಹೀಗೆ ಓಗೊಟ್ಟವನು ಆಟದ ಮಾತನ್ನು ಕೇಳಿಸಿಕೊಂಡು, ಬೇಕಾದ ಕಡೆ ಒಂದೆರಡು ಪದ ಬದಲಿಸಿ, ಉಳಿದದ್ದನ್ನು ನಿಜವಾದ ಡಿಎಲ್‌ಎಲ್‌ಗೆ ದಾಟಿಸಬಹುದು. ಆಟಕ್ಕೆ ಗೊತ್ತಾಗುವುದಿಲ್ಲ, ಗ್ರಾಫಿಕ್ಸ್ ಕಾರ್ಡಿಗೂ ಗೊತ್ತಾಗುವುದಿಲ್ಲ. ಮುಂದೆ ಬಂದ ಗ್ರಾಫಿಕ್ಸ್ ಮಾಡ್‌ಗಳಲ್ಲಿ ಬಹುಪಾಲು ಇದೇ ಬಾಗಿಲಿನಿಂದ ಒಳಗೆ ಬಂದವು. ಬಾಗಿಲು ತೋರಿಸಿದ್ದು ಕಳ್ಳರಲ್ಲ, ಚಿಪ್ಪು ಮಾಡಿದ ಕಂಪನಿಯೇ ಎಂಬುದು ನನಗೆ ಇಷ್ಟವಾದ ಸಂಗತಿ.

ಕ್ವೇಕ್‌ನಲ್ಲಿ ಇನ್ನೊಂದು ಉದಾರತೆ ಇತ್ತು. ಟಿಲ್ಡೆ ಕೀ ಒತ್ತಿದರೆ ಮೇಲಿನಿಂದ ಕನ್ಸೋಲ್ ಇಳಿದುಬರುತ್ತಿತ್ತು, ಮೆನುವಿನಲ್ಲಿ ಇಲ್ಲದ ಹತ್ತಾರು ಗ್ರಾಫಿಕ್ಸ್ ಆಯ್ಕೆಗಳನ್ನು ಅಲ್ಲಿ ಟೈಪ್ ಮಾಡಿ ಬದಲಿಸಬಹುದಿತ್ತು. ಅದರಿಂದ ಜಗಳಗಳೂ ಶುರುವಾದವು. ಜಿಎಲ್‌ಕ್ವೇಕ್ ನುಣುಪಾಗಿತ್ತು, ವೇಗವಾಗಿತ್ತು, ಆದರೆ ಹಳೆಯದರಲ್ಲಿದ್ದ ಹೆಚ್ಚುವರಿ ಬೆಳಕು ಕಳೆದುಹೋಗಿತ್ತು, ನೀರಿನೊಳಗೆ ಇಳಿದಾಗ ಪರದೆ ಬಳುಕುವುದು ನಿಂತಿತ್ತು. 'ಒಳ್ಳೆಯ ಗ್ರಾಫಿಕ್ಸ್' ಎಂದರೆ ಹೊಸತೋ, ಮಾಡಿದವರ ಮನಸ್ಸಿನಲ್ಲಿದ್ದದ್ದೋ ಎಂಬ ಪ್ರಶ್ನೆ ಅಂದಿನಿಂದ ಇದೆ. 1999ರ 'ಕ್ವೇಕ್ 3'ರಲ್ಲಿ ಪಳಗಿದ ಆಟಗಾರರು ಟೆಕ್ಸ್ಚರ್‌ಗಳನ್ನು ಬೇಕೆಂದೇ ಮಸುಕು ಮಾಡಿಕೊಂಡರು. ಗೋಡೆಯ ಚಿತ್ತಾರ ಅಳಿಸಿದರೆ ಎದುರಾಳಿ ಎದ್ದು ಕಾಣುತ್ತಾನೆ! ಅಲ್ಲಿಗೆ ಸೆಟ್ಟಿಂಗ್ಸ್ ಎಂಬುದು ಅಂದದ ವಿಷಯವಾಗಿ ಮಾತ್ರ ಉಳಿಯಲಿಲ್ಲ.

ನಮ್ಮ ಕಡೆಯ ಪಾಲು ಬರುವುದು ಇದರ ನಂತರ, ಅದೂ ಉಲ್ಟಾ ದಿಕ್ಕಿನಿಂದ. ನನ್ನ ಎಂಟೆಕ್ ಹಾಸ್ಟೆಲಿನ ದಿನಗಳಲ್ಲಿ ಹೆಚ್ಚಿನವರ ಪೆಟ್ಟಿಗೆಯಲ್ಲಿ ಇದ್ದದ್ದು ಇಂಟೆಲ್‌ನ ಆನ್‌ಬೋರ್ಡ್ ಗ್ರಾಫಿಕ್ಸ್. ಮನೆಯಲ್ಲಿ ಕಾಡಿ ಬೇಡಿ ಎಸ್‌ಪಿ ರೋಡಿನಿಂದ ಕಾರ್ಡ್ ತಂದವರದು ಬಹುಪಾಲು ಜಿಫೋರ್ಸ್ 4 ಎಂಎಕ್ಸ್. ಹೆಸರಿನಲ್ಲಿ 4 ಇದ್ದರೂ ಅದರ ಹಿಂದಿನ ಜಿಫೋರ್ಸ್ 3ರಲ್ಲಿದ್ದ ಪಿಕ್ಸೆಲ್ ಶೇಡರ್ ಇದರಲ್ಲಿ ಇರಲಿಲ್ಲ. 'ಪ್ರಿನ್ಸ್ ಆಫ್ ಪರ್ಷಿಯಾ: ದಿ ಸ್ಯಾಂಡ್ಸ್ ಆಫ್ ಟೈಮ್' ಹಾಕಿದರೆ ಸೆಟ್ಟಿಂಗ್ಸ್ ಪುಟದವರೆಗೂ ಹೋಗಲು ಬಿಡದೆ ಹೊಸಿಲಲ್ಲೇ ವಾಪಸು ಕಳಿಸುತ್ತಿತ್ತು. ಆಗ ಕೈಯಿಂದ ಕೈಗೆ ಸಿಡಿಯಲ್ಲಿ ಬಂದದ್ದು '3ಡಿ-ಅನಲೈಜ್' ಎಂಬ ಪುಟ್ಟ ಪ್ರೋಗ್ರಾಂ. ತೆರೆದರೆ ಒಂದೇ ಕಿಟಕಿ, ಅದರ ತುಂಬ ಟಿಕ್ ಹಾಕುವ ಚೌಕಗಳು. ಇಲ್ಲದ ಹಾರ್ಡ್‌ವೇರ್ ಸಾಮರ್ಥ್ಯ ಇದೆಯೆಂದು ಹೇಳಿಸು, ಶೇಡರ್‌ಗಳನ್ನು ಬಿಟ್ಟು ಮುಂದೆ ಹೋಗು, ಕಾರ್ಡಿನ ಗುರುತಿನ ಸಂಖ್ಯೆಯನ್ನೇ ಬೇರೆ ಕಂಪನಿಯದ್ದೆಂದು ತೋರಿಸು ಎಂಬಂಥವು. ಬಾಡಿಗೆ ಸೂಟು ಹಾಕಿಕೊಂಡು ಮದುವೆ ಊಟಕ್ಕೆ ನುಗ್ಗುವ ಕೆಲಸ. ರಾಜಕುಮಾರನ ಮುಖ ಬೂದಿ ಬಣ್ಣಕ್ಕೆ ತಿರುಗುತ್ತಿತ್ತು, ನೀರು ಕಪ್ಪಾಗಿ ಕಾಣುತ್ತಿತ್ತು, ಆದರೂ ಆಟ ಓಡುತ್ತಿತ್ತು.

ಪಾಶ್ಚಾತ್ಯ ಬರಹಗಳಲ್ಲಿ ಗ್ರಾಫಿಕ್ಸ್ ಮಾಡ್ ಎಂದರೆ ಚೆಲುವು ಹೆಚ್ಚಿಸುವ ವಿದ್ಯೆ. ನನ್ನ ತಲೆಮಾರಿಗೆ ಇಲ್ಲಿ ಅದು ಮೊದಲು ಬಂದದ್ದು ಚೆಲುವು ಕಳೆಯುವ ವಿದ್ಯೆಯಾಗಿ. ಈ ಕವಲೂ ಚಿಕ್ಕದಲ್ಲ. ಟ್ರಾನ್ಸ್‌ಗೇಮಿಂಗ್ ಕಂಪನಿಯ ಸ್ವಿಫ್ಟ್‌ಶೇಡರ್ ಎಂಬುದು ಕಾರ್ಡಿನ ಕೆಲಸವನ್ನೆಲ್ಲ ಪ್ರೊಸೆಸರಿನಲ್ಲೇ ಮಾಡಿಸುತ್ತಿದ್ದ ತಂತ್ರಾಂಶ. ಅದರ ಡೆಮೊ ಡಿಎಲ್‌ಎಲ್ ಅನ್ನೂ ನಾವು ಆಟದ ಫೋಲ್ಡರಿಗೆ ಹಾಕಿ ಪರೀಕ್ಷಿಸುತ್ತಿದ್ದೆವು, ನಿಮಿಷಕ್ಕೆ ಇಷ್ಟು ಫ್ರೇಮ್ ಎಂದು ಎಣಿಸುವ ಮಟ್ಟಕ್ಕೆ ನಿಧಾನ. ಅದೇ ಸ್ವಿಫ್ಟ್‌ಶೇಡರ್ 2012ರಲ್ಲಿ ಕ್ರೋಮ್ ಬ್ರೌಸರಿನೊಳಗೆ ಸೇರಿತು, ಸರಿಯಾದ ಕಾರ್ಡ್ ಇಲ್ಲದವರಿಗೂ ವೆಬ್‌ನಲ್ಲಿ 3ಡಿ ಕಾಣಲಿ ಎಂದು.

ಇನ್ನು ಬೋರ್ಡ್ ಬರೆದವರ ಕಡೆಗೆ ಬರೋಣ. 2007ರ ನವೆಂಬರಿನಲ್ಲಿ 'ಕ್ರೈಸಿಸ್' ಬಂದಾಗ 'ವೆರಿ ಹೈ' ಎಂಬ ಆಯ್ಕೆ ವಿಸ್ತಾ ಮತ್ತು ಡೈರೆಕ್ಟ್‌ಎಕ್ಸ್ 10 ಇದ್ದವರಿಗೆ ಮಾತ್ರ ತೆರೆದಿತ್ತು. ಸಂರಚನಾ ಫೈಲುಗಳನ್ನು ತಿದ್ದಿದವರು ಅದರ ಬಹುಭಾಗವನ್ನು ಎಕ್ಸ್‌ಪಿಯಲ್ಲೇ ಓಡಿಸಿ ತೋರಿಸಿದರು. ಬೀಗ ಇದ್ದದ್ದು ಯಂತ್ರದಲ್ಲಿ ಅಲ್ಲ, ಮೆನುವಿನಲ್ಲಿ. 2014ರ ಮೇ ತಿಂಗಳಲ್ಲಿ ಬಂದ 'ವಾಚ್ ಡಾಗ್ಸ್' ಎರಡು ವರ್ಷ ಹಿಂದೆ ಇ3 ಮೇಳದಲ್ಲಿ ತೋರಿಸಿದಷ್ಟು ಚೆನ್ನಾಗಿಲ್ಲ ಎಂದು ಜನ ಗೊಣಗುತ್ತಿದ್ದಾಗ, 'ದಿವರ್ಸ್' ಎಂಬ ಹೆಸರಿನ ಮಾಡರ್ ಆ ಹಳೆಯ ಪರಿಣಾಮಗಳು ಆಟದ ಫೈಲುಗಳೊಳಗೇ ಮಲಗಿರುವುದನ್ನು ತೋರಿಸಿ ಎಬ್ಬಿಸಿದ. ಸ್ಥಿರತೆ, ವೇಗ, ಆಟದ ಅನುಭವ ಕೆಡಬಾರದೆಂದು ಅವನ್ನು ಮುಚ್ಚಿದ್ದೆವು ಎಂದು ಯೂಬಿಸಾಫ್ಟ್ ಉತ್ತರ ಕೊಟ್ಟಿತು. ಜನ ನಕ್ಕರು. ನಾನು ಪೂರ್ತಿ ನಗಲಾರೆ. ರಿಲೀಸಿನ ಹಿಂದಿನ ವಾರ ಅರ್ಧ ಪರೀಕ್ಷಿಸಿದ ಫೀಚರನ್ನು ಬಚ್ಚಿಡುವುದು ನನ್ನ ವೃತ್ತಿಯ ದಿನನಿತ್ಯದ ಕೆಲಸ. ಆದರೆ ಮೇಳದಲ್ಲಿ ತೋರಿಸಿ ಮಾರಿದ ಮೇಲೆ ಬಚ್ಚಿಟ್ಟರೆ ಅದಕ್ಕೆ ಬೇರೆ ಹೆಸರಿದೆ.

ಈ ಚರಿತ್ರೆಯಲ್ಲಿ ನನಗೆ ಅತಿ ಮುಖ್ಯವಾಗಿ ಕಾಣುವ ಘಟನೆ 2012ರ ಆಗಸ್ಟಿನದು. ಜಪಾನಿನ ಫ್ರಮ್‌ಸಾಫ್ಟ್‌ವೇರ್ ಕಂಪನಿಯ 'ಡಾರ್ಕ್ ಸೋಲ್ಸ್' ಆಟ ಪಿಸಿಗೂ ಬರಲಿ ಎಂದು ಆ ವರ್ಷದ ಆರಂಭದಲ್ಲಿ 90 ಸಾವಿರಕ್ಕೂ ಹೆಚ್ಚು ಜನ ಮನವಿಗೆ ಸಹಿ ಹಾಕಿದ್ದರು. ಪಿಸಿ ನಮಗೆ ಹೊಸತು, ಅದಕ್ಕಾಗಿ ವಿಶೇಷವಾಗಿ ಏನೂ ಮಾಡಲಾಗುವುದಿಲ್ಲ ಎಂದು ತಯಾರಕರು ಮೊದಲೇ ಒಪ್ಪಿಕೊಂಡಿದ್ದರು. ಬಂದದ್ದೂ ಹಾಗೆಯೇ. ಮೆನುವಿನಲ್ಲಿ ನೀವು ಯಾವ ರೆಸಲ್ಯೂಶನ್ ಆರಿಸಿದರೂ ಒಳಗೆ ಚಿತ್ರ ತಯಾರಾಗುತ್ತಿದ್ದದ್ದು 1024 x 720ರಲ್ಲೇ, ಆಮೇಲೆ ಅದನ್ನೇ ಎಳೆದು ಪರದೆ ತುಂಬಿಸುತ್ತಿತ್ತು. ಮೆನು ಸುಳ್ಳು ಹೇಳುತ್ತಿತ್ತು ಅನ್ನಿ. ಒಂದು ದಿನ ಕಳೆಯುವುದರೊಳಗೆ 'ಡುರಾಂಟೆ' ಎಂಬ ಹೆಸರಿನವನು ಡಿಎಸ್‌ಫಿಕ್ಸ್ ಹೊರಬಿಟ್ಟ. ನಿಜನಾಮ ಪೀಟರ್ ತೋಮನ್, ಆಸ್ಟ್ರಿಯಾದ ಇನ್ಸ್‌ಬ್ರುಕ್ ವಿಶ್ವವಿದ್ಯಾಲಯದ ಕಂಪ್ಯೂಟರ್ ವಿಜ್ಞಾನ ಸಂಶೋಧಕ. ಒಂದು ಡಿಎಲ್‌ಎಲ್, ಒಂದು ಐಎನ್‌ಐ ಫೈಲು. ಆಟವು 1024 x 720ರ ಕ್ಯಾನ್ವಾಸ್ ಕೊಡು ಎಂದು ಕೇಳಿದಾಗ ನಡುವೆ ನಿಂತು ದೊಡ್ಡದನ್ನು ಕೊಡಿಸುವುದು, ಅಷ್ಟೇ. ಕಲ್ಲಿನ ಗೋಡೆಗಳಲ್ಲಿ ಬಿರುಕುಗಳು ಕಂಡವು, ದೂರದ ಗೋಪುರಗಳಿಗೆ ಅಂಚು ಬಂತು. ಆ ಚಿತ್ರವೆಲ್ಲ ಡಿಸ್ಕಿನಲ್ಲಿ ಮೊದಲಿನಿಂದಲೂ ಇತ್ತು, ಯಾರಿಗೂ ಕಂಡಿರಲಿಲ್ಲ.

ಆಮೇಲೆ ಬಂದ ಆವೃತ್ತಿಗಳಲ್ಲಿ 30 ಫ್ರೇಮಿನ ಮಿತಿ ತೆಗೆಯುವ ಆಯ್ಕೆಯೂ ಸೇರಿತು. ಅಲ್ಲಿಂದ ಪಾಠ ಶುರು. ಆ ಆಟದ ಭೌತಶಾಸ್ತ್ರ ಸೆಕೆಂಡಿಗೆ 30 ಸಲ ಲೆಕ್ಕ ಹಾಕುವುದಕ್ಕೆ ಹೊಂದಿಸಿದ್ದು. 60ಕ್ಕೆ ಏರಿಸಿದರೆ ಜಿಗಿತದ ದೂರ ಕಡಿಮೆಯಾಗುತ್ತದೆ, ಏಣಿಯಿಂದ ಜಾರಿ ಇಳಿದವನು ನೆಲವನ್ನು ತೂರಿಕೊಂಡು ಶೂನ್ಯಕ್ಕೆ ಬಿದ್ದುಬಿಡಬಹುದು. ಹಾಗಾಗಿ ಜನ ಏಣಿಯ ತುದಿಗೆ ಬಂದಾಗ ಒಂದು ಕೀ ಒತ್ತಿ 30ಕ್ಕೆ ಇಳಿಸಿ, ಕೆಳಗೆ ಬಂದು ಮತ್ತೆ ಏರಿಸಿಕೊಳ್ಳುವುದನ್ನು ರೂಢಿ ಮಾಡಿಕೊಂಡರು. ಮೆನುವಿನಲ್ಲಿ ಒಂದು ಸಾಲು ಇಲ್ಲವೆಂದರೆ ಕೆಲವೊಮ್ಮೆ ಅದು ಜಿಪುಣತನ, ಕೆಲವೊಮ್ಮೆ ಆ ಸಾಲಿನ ಕೆಳಗೆ ನೆಲವೇ ಇಲ್ಲ. ಹೊರಗಿನಿಂದ ನೋಡಿ ಯಾವುದು ಯಾವುದೆಂದು ಹೇಳಲಾಗದು.

ಡಿಎಸ್‌ಫಿಕ್ಸ್‌ಗೆ ಇನ್ನೊಂದು ಷರತ್ತು ಇತ್ತು: ಆಟದ ಮೆನುವಿನಲ್ಲಿ ಆ್ಯಂಟಿ-ಅಲಿಯಾಸಿಂಗ್ ಆಫ್ ಮಾಡಿರಬೇಕು. ಇದು ಅದರೊಂದರ ಷರತ್ತಲ್ಲ, ಈ ಕುಲದ ಎಷ್ಟೋ ಮಾಡ್‌ಗಳದ್ದು. ಕಾರಣ ತಿಳಿದುಕೊಂಡರೆ ಅರ್ಧ ರಿಪೇರಿ ಕಲಿತಂತೆ. ಮಾಡ್‌ಗೆ ಆಟ ಬಿಡಿಸಿ ಮುಗಿಸಿದ ಚಿತ್ರ ಬೇಕು, ಪ್ರತಿ ಬಿಂದು ಕಣ್ಣಿನಿಂದ ಎಷ್ಟು ದೂರ ಎಂಬ ಆಳದ ಲೆಕ್ಕವೂ ಬೇಕು. ಆಟ ತನ್ನ ಅಂಚು ನಯಗೊಳಿಸಲು ಒಂದೊಂದು ಬಿಂದುವಿಗೆ ನಾಲ್ಕೋ ಎಂಟೋ ಮಾದರಿ ಇಟ್ಟುಕೊಂಡರೆ ಆ ಲೆಕ್ಕ ಮಾಡ್‌ಗೆ ಸಿಗುವ ರೂಪದಲ್ಲಿ ಇರುವುದಿಲ್ಲ. ಚಿತ್ರ ಒಂದು, ಅದನ್ನು ಆಳುವ ಮೆನು ಎರಡು. ಒಂದರ ಇರವು ಇನ್ನೊಂದಕ್ಕೆ ತಿಳಿಯದು. ಗ್ರಾಫಿಕ್ಸ್ ಮಾಡ್‌ಗಳ ತೊಂದರೆಗಳನ್ನು ಬೆನ್ನಟ್ಟಿ ಹೋದರೆ ಬಹಳ ಸಲ ಇಲ್ಲಿಗೇ ಬಂದು ನಿಲ್ಲುತ್ತೇವೆ.

2011ರ ನವೆಂಬರ್ 11ರಂದು ಬಂದ 'ಸ್ಕೈರಿಮ್' ಈ ಜಗಳದ ಕುರುಕ್ಷೇತ್ರ. ರಷ್ಯಾದ ಬೋರಿಸ್ ವೊರೊಂಟ್ಸೊವ್ ಮೊದಲು 'ಜಿಟಿಎ: ಸ್ಯಾನ್ ಆ್ಯಂಡ್ರಿಯಾಸ್'ಗಾಗಿ ಬರೆದಿದ್ದ ಇಎನ್‌ಬಿ ಸರಣಿ ಇದಕ್ಕೂ ಬಂತು. ಶಿಫ್ಟ್ ಮತ್ತು ಎಂಟರ್ ಒಟ್ಟಿಗೆ ಒತ್ತಿದರೆ ಆಟದ ಮೇಲೆಯೇ ಮೆನು ತೆರೆದು ಬೆಳಗಿನ, ನಡುಹಗಲಿನ, ಸಂಜೆಯ, ರಾತ್ರಿಯ ಬೆಳಕನ್ನು ಬೇರೆ ಬೇರೆಯಾಗಿ ತಿದ್ದಬಹುದು. ಆದರೆ ಅದಕ್ಕೆ ಮೊದಲು ಆಟದ ಐಎನ್‌ಐ ಫೈಲಿನಲ್ಲಿ ಒಂದು ಸಾಲು ಹೀಗಿರಬೇಕು, ಇನ್ನೊಂದು ಹಾಗಿರಬೇಕು. ಎಲ್ಲ ಸರಿಮಾಡಿ ಆಡುತ್ತಿದ್ದವರು ಒಂದು ದಿನ ಬೆಥೆಸ್ಡಾದ ಲಾಂಚರಿನಲ್ಲಿ 'ಹೈ' ಎಂಬ ಗುಂಡಿ ಒತ್ತಿದರೆ ಮುಗಿಯಿತು. ಲಾಂಚರು ತನಗೆ ಗೊತ್ತಿರುವ ಸಾಲುಗಳನ್ನು ಮತ್ತೆ ಬರೆದುಬಿಡುತ್ತದೆ, ಆ್ಯಂಟಿ-ಅಲಿಯಾಸಿಂಗ್ ಮರಳಿ ಬರುತ್ತದೆ, ನೆರಳುಗಳು ಹುಚ್ಚೆದ್ದು ಕುಣಿಯುತ್ತವೆ. ಜನ ಮಾಡ್ ಹಾಳಾಯಿತು ಎಂದು ಅಳಿಸಿ ಮತ್ತೆ ಹಾಕುತ್ತಾರೆ. ನಾನಾದರೆ ಮೊದಲು ಕೇಳುವುದು, ಕೊನೆಯ ಸಲ ಸರಿಯಿದ್ದದ್ದು ಯಾವಾಗ, ಆಮೇಲೆ ಏನು ಮುಟ್ಟಿದಿರಿ ಎಂದು. ಪ್ರೊಡಕ್ಷನ್ ಬಿದ್ದಾಗ ಕೇಳುವ ಪ್ರಶ್ನೆಯೇ.

ಸ್ಕೈರಿಮ್‌ನಲ್ಲಿ ಮೂರನೆಯದೊಂದು ಮೆನುವೂ ಇದೆ. ಸ್ಕೈಯುಐ ಎಂಬ ಮಾಡ್ ತಂದ 'ಮಾಡ್ ಕಾನ್ಫಿಗರೇಶನ್ ಮೆನು'. ಹವಾಮಾನ, ಬೆಳಕು ಬದಲಿಸುವ ಬೇರೆ ಬೇರೆ ಮಾಡ್‌ಗಳ ಆಯ್ಕೆಗಳು ಇಲ್ಲಿ ಒಂದೇ ಕಡೆ ಸಿಗುತ್ತವೆ. ಹೊಸ ಮಾಡ್ ಹಾಕಿದ ಮೇಲೆ ಅದರ ಹೆಸರು ಇಲ್ಲಿ ಕಾಣುತ್ತಿಲ್ಲ ಎಂಬುದು ನಿತ್ಯದ ದೂರು. ಈ ಮೆನುವಿನ ಸ್ಥಿತಿ ಇರುವುದು ಫೈಲಿನಲ್ಲಿ ಅಲ್ಲ, ಸೇವ್ ಮಾಡಿದ ಆಟದ ಒಳಗೆ, ಸ್ಕ್ರಿಪ್ಟ್‌ಗಳ ರೂಪದಲ್ಲಿ. ಸ್ಕ್ರಿಪ್ಟ್‌ಗಳು ಸರದಿಯಲ್ಲಿ ನಿಂತು ಕೆಲಸ ಮಾಡುತ್ತವೆ. ಸ್ವಲ್ಪ ಕಾಯಬೇಕು, ಸೇವ್ ಮಾಡಿ ಮತ್ತೆ ಲೋಡ್ ಮಾಡಬೇಕು, ಅದಕ್ಕೂ ಬಗ್ಗದಿದ್ದರೆ ಕನ್ಸೋಲ್‌ನಲ್ಲಿ ಆ ಮೆನುವಿನ ಮೇಲ್ವಿಚಾರಕ ಸ್ಕ್ರಿಪ್ಟನ್ನು ಮೊದಲ ಹಂತದಿಂದ ಶುರುಮಾಡಿಸುವ ಆಜ್ಞೆ ಕೊಡಬೇಕು. ಆದ್ದರಿಂದಲೇ ಮಾಡ್ ತೆಗೆದರೂ ಅದರ ನೆನಪು ಸೇವ್ ಫೈಲಿನಲ್ಲಿ ಉಳಿಯುತ್ತದೆ. ಮನೆ ಖಾಲಿ ಮಾಡಿದ ಬಾಡಿಗೆದಾರನ ಹೆಸರಿಗೆ ವರ್ಷಗಟ್ಟಲೆ ಟಪಾಲು ಬರುವ ಹಾಗೆ.

ಇಎನ್‌ಬಿ ಬಗ್ಗೆ ಇನ್ನೊಂದು ಮಾತು. ಸ್ಕೈರಿಮ್ 32 ಬಿಟ್ ಪ್ರೋಗ್ರಾಂ, ಮೊದಲಿಗೆ 2 ಜಿಬಿ ಮೆಮೊರಿ ಮೀರಿ ಹೋಗಲಾರದಂತೆ ಬಂದಿತ್ತು. ಆಟಗಾರರು ತಾವೇ ಅದನ್ನು ತಿದ್ದಿ 4 ಜಿಬಿಗೆ ಏರಿಸಿಕೊಂಡ ಮೇಲೆ ಡಿಸೆಂಬರಿನಲ್ಲಿ ಕಂಪನಿಯೂ ಅದೇ ಬದಲಾವಣೆ ಕೊಟ್ಟಿತು. ದೊಡ್ಡ ಟೆಕ್ಸ್ಚರ್‌ಗಳನ್ನು ತುಂಬಿದವರಿಗೆ ಅದೂ ಸಾಲದು. ಬೋರಿಸ್ ಟೆಕ್ಸ್ಚರ್‌ಗಳ ಪ್ರತಿಗಳನ್ನು ಬೇರೊಂದು ಪ್ರೋಗ್ರಾಮಿನ ಮೆಮೊರಿಗೆ ಸಾಗಿಸುವ ವ್ಯವಸ್ಥೆ ಮಾಡಿದ. ಇಎನ್‌ಬಿಯ ಅಲಂಕಾರವನ್ನೆಲ್ಲ ಆಫ್ ಮಾಡಿ ಬರೀ ಈ ಉಪಕಾರ ಪಡೆಯಲು ಒಂದು ಆಯ್ಕೆಯನ್ನೂ ಇಟ್ಟ. ಚೆಲುವಿನ ಮಾಡ್ ಎಂದು ಹೆಸರಾದದ್ದು ಎಷ್ಟೋ ಜನರ ಪಾಲಿಗೆ ಆಟ ಅರ್ಧದಲ್ಲಿ ಬಿದ್ದುಹೋಗದಂತೆ ಹಿಡಿದ ಊರುಗೋಲಾಯಿತು. ಅದೆಲ್ಲ ನಿಂತಿದ್ದದ್ದು ಒಬ್ಬನ ಬಿಡುವಿನ ಮೇಲೆ, ಅವನ ಮುಚ್ಚಿದ ಸೋರ್ಸ್ ಕೋಡಿನ ಮೇಲೆ. 2016ರ ಅಕ್ಟೋಬರಿನಲ್ಲಿ 64 ಬಿಟ್ಟಿನ ವಿಶೇಷ ಆವೃತ್ತಿ ಬರುವವರೆಗೆ ಹೀಗೇ ನಡೆಯಿತು.

ಮೆನುಗಳ ರೂಪವೂ ಈ ನಡುವೆ ಬದಲಾಯಿತು. 2012ರ ಸ್ವೀಟ್‌ಎಫ್‌ಎಕ್ಸ್‌ಗೆ ಮೆನುವೇ ಇರಲಿಲ್ಲ. ಆಟದಿಂದ ಹೊರಬಂದು ನೋಟ್‌ಪ್ಯಾಡಿನಲ್ಲಿ ಸಂಖ್ಯೆ ತಿದ್ದಿ, ಸೇವ್ ಮಾಡಿ, ವಾಪಸು ಹೋಗಿ ಪಾಸ್ ಕೀ ಒತ್ತಿದರೆ ಹೊಸ ಸಂಖ್ಯೆ ಜಾರಿಗೆ ಬರುತ್ತಿತ್ತು. ಅದರ ದಾರಿಯಲ್ಲೇ 'ಕ್ರೊಸೈರ್' ಎಂಬ ಹೆಸರಿನವನು ಕಟ್ಟಿದ ರೀಶೇಡ್ ತನ್ನ ಮೂರನೆಯ ಆವೃತ್ತಿಯಿಂದ ಆಟದ ಮೇಲೆಯೇ ತೆರೆಯುವ ಮೆನು ಕೊಟ್ಟಿತು. ಬೇರೆ ಬೇರೆ ಮಾಡ್‌ಗಳ ಮೆನುಗಳು ಅಣ್ಣತಮ್ಮಂದಿರಂತೆ ಕಾಣುತ್ತವಲ್ಲ, ಕಾರಣ ಅವುಗಳಲ್ಲಿ ಬಹಳಷ್ಟು ಓಮರ್ ಕೊರ್ನು ಬರೆದ 'ಡಿಯರ್ ಇಮ್‌ಗುಯಿ' ಎಂಬ ಒಂದೇ ಮುಕ್ತ ಲೈಬ್ರರಿಯ ಮೇಲೆ ನಿಂತಿವೆ.

ನಮ್ಮ ಟೀಮಿನಲ್ಲಿ ಕಲಬುರಗಿಯ ಹುಡುಗನೊಬ್ಬ ಇದ್ದಾನೆ, ಇಲ್ಲಿ ಪುಣೆಯಲ್ಲಿ ನನ್ನ ಜೊತೆ ಕನ್ನಡ ಮಾತಾಡುವ ಇಬ್ಬರಲ್ಲಿ ಒಬ್ಬ. ಹೋದ ತಿಂಗಳು ಕ್ಯಾಂಟೀನಿನಲ್ಲಿ ಹಿಡಿದುಕೊಂಡ. "ಸರ್, ರೀಶೇಡ್ ಹಾಕೀನ್ರಿ, ಹೋಮ್ ಕೀ ಒತ್ತಿದ್ರ ಏನೂ ಬರವಲ್ದು."

"ಆಟ ಶುರುವಾಗೋವಾಗ ಮೇಲ್ಗಡೆ ರೀಶೇಡ್ ಅಂತ ಒಂದು ಪಟ್ಟಿ ಬರತ್ತಾ?"

"ಬರ್ತದ್ರಿ."

ಹಾಗಾದರೆ ಡಿಎಲ್‌ಎಲ್ ಒಳಗೆ ಹೋಗಿದೆ. ಪಟ್ಟಿಯೇ ಬರದಿದ್ದರೆ ತಪ್ಪು ಫೋಲ್ಡರಿನಲ್ಲಿ ಹಾಕಿರಬೇಕು, ಇಲ್ಲವೇ ಡೈರೆಕ್ಟ್‌ಎಕ್ಸ್ 11ರ ಆಟಕ್ಕೆ 9 ಎಂದು ಆರಿಸಿರಬೇಕು. ಅವನ ಲ್ಯಾಪ್‌ಟಾಪಿನಲ್ಲಿ ಹೋಮ್ ಎಂಬುದು ಎಫ್‌ಎನ್ ಜೊತೆ ಒತ್ತಬೇಕಾದ ಕೀ. ಅದು ಬಗೆಹರಿಯಿತು. ಮರುದಿನ ಮತ್ತೆ ಬಂದ. ಮೆನು ಬರುತ್ತದೆ, ಆದರೆ ಮೂಲೆಗಳಲ್ಲಿ ನೆರಳು ಕೂರಿಸುವ ಶೇಡರ್ ಏನೂ ಮಾಡುತ್ತಿಲ್ಲ. ಆಳವನ್ನೇ ಚಿತ್ರವಾಗಿ ತೋರಿಸುವ ಡಿಸ್‌ಪ್ಲೇಡೆಪ್ತ್ ಶೇಡರ್ ಹಾಕಿ ನೋಡು ಎಂದೆ. ಪರದೆ ಖಾಲಿ. ಆಟದ ಮೆನುವಿನಲ್ಲಿ ಆ್ಯಂಟಿ-ಅಲಿಯಾಸಿಂಗ್ ಆನ್ ಇತ್ತು. ಎರಡು ಮೆನುಗಳ ಹಳೇ ಕಥೆ. ಅದೇ ಫೋಲ್ಡರಿನಲ್ಲಿ ಇನ್ನೊಂದು ಮಾಡ್ ಅದೇ ಹೆಸರಿನ ಡಿಎಲ್‌ಎಲ್ ಆಗಿ ಕೂತಿದ್ದರೆ ಬೇರೆ ಪಂಚಾಯಿತಿ, ಒಬ್ಬನ ಹೆಸರು ಬದಲಿಸಿ ಇನ್ನೊಬ್ಬನ ಮೂಲಕ ಒಳಗೆ ಕಳಿಸಬೇಕಾಗುತ್ತದೆ. ಹಳೆಯ ಆಟಗಳಲ್ಲಿ ವಿಸ್ತಾ ಕಾಲದ ಇನ್ನೊಂದು ಭೂತವಿದೆ: ಪ್ರೋಗ್ರಾಂ ಫೈಲ್ಸ್ ಒಳಗೆ ಹಳೆಯ ಪ್ರೋಗ್ರಾಂ ಬರೆಯುವುದನ್ನು ವಿಂಡೋಸ್ ಸದ್ದಿಲ್ಲದೆ 'ವರ್ಚುವಲ್‌ಸ್ಟೋರ್' ಎಂಬ ಜಾಗಕ್ಕೆ ತಿರುಗಿಸುತ್ತದೆ. ನೀವು ತಿದ್ದುವ ಫೈಲೇ ಬೇರೆ, ಆಟ ಓದುವ ಫೈಲೇ ಬೇರೆ. ಆಟವನ್ನು ಬೇರೆ ಫೋಲ್ಡರಿನಲ್ಲಿ ಹಾಕಿಕೊಂಡರೆ ಭೂತ ಬಿಡುತ್ತದೆ.

ಆನ್‌ಲೈನ್ ಆಟಗಳಲ್ಲಿ ಈ ಬಾಗಿಲು ಈಗ ಮುಚ್ಚುತ್ತಿದೆ, ಅದಕ್ಕೆ ನನ್ನ ತಕರಾರಿಲ್ಲ. ಆಳದ ಲೆಕ್ಕ ಸಿಕ್ಕವನು ಗೋಡೆಯಾಚೆಗಿನದ್ದನ್ನೂ ಊಹಿಸಿಯಾನು. ನೆಟ್‌ವರ್ಕ್ ಬಳಕೆ ಕಂಡರೆ ಆ ಲೆಕ್ಕ ಕೊಡುವುದನ್ನು ರೀಶೇಡ್ ತಾನೇ ನಿಲ್ಲಿಸುತ್ತದೆ. ಪಬ್‌ಜಿ 2018ರಲ್ಲಿ ರೀಶೇಡ್ ಅನ್ನೇ ಹೊರಗಿಟ್ಟಿತು. ಕ್ವೇಕ್ 3ರ ಮಸುಕು ಗೋಡೆಗಳ ಮೊಮ್ಮಕ್ಕಳ ಜಗಳ. ನನ್ನ ತಕರಾರು ಇರುವುದು ಒಬ್ಬನೇ ಕೂತು ಆಡುವ, ದುಡ್ಡು ಕೊಟ್ಟು ಕೊಂಡ ಹಳೆಯ ಆಟಗಳ ವಿಷಯದಲ್ಲಿ.

2008ರ ಡಿಸೆಂಬರಿನಲ್ಲಿ ಪಿಸಿಗೆ ಬಂದ 'ಜಿಟಿಎ 4' ನೋಡಿ. ಅದರ ಸೆಟ್ಟಿಂಗ್ಸ್ ಪುಟ ನಿಮ್ಮ ಕಾರ್ಡಿನ ಮೆಮೊರಿ ಲೆಕ್ಕ ಹಾಕಿ, ಮೀರಿದರೆ ಆಯ್ಕೆಯನ್ನು ಏರಿಸಲು ಬಿಡುವುದಿಲ್ಲ. ಮೇಲಿನ ಮಟ್ಟಗಳು ಮುಂದೆ ಬರುವ ಯಂತ್ರಗಳಿಗಾಗಿ ಎಂದು ರಾಕ್‌ಸ್ಟಾರ್ ಹೇಳಿತ್ತು. ಮುಂದಿನ ಯಂತ್ರಗಳು ಬಂದವು. ಅವುಗಳ ಮೆಮೊರಿಯನ್ನು ಆಟ ತಪ್ಪಾಗಿ ಓದಿ, ಎಂಟು ಜಿಬಿಯ ಕಾರ್ಡಿಗೂ ಬಡವನ ಮೆನು ಬಡಿಸುತ್ತದೆ. ಅದಕ್ಕೆ ಒಂದು ಟೆಕ್ಸ್ಟ್ ಫೈಲಿನಲ್ಲಿ ಮಿತಿ ಬೇಡ ಎಂದು ಬರೆದಿಡಬೇಕು. ವೇಗ ಏರುಪೇರಾದರೆ ಡಿಎಕ್ಸ್‌ವಿಕೆ ಹಾಕಬೇಕು, ಮೂಲತಃ ಲಿನಕ್ಸಿನಲ್ಲಿ ವಿಂಡೋಸ್ ಆಟಗಳನ್ನು ಓಡಿಸಲು ಬರೆದ ಅನುವಾದಕ. ಹಾಕುವ ಜಾಗ 1997ರಲ್ಲಿ ಮಿನಿಜಿಎಲ್ ಹಾಕಿದ್ದದ್ದೇ, ಆಟದ ಫೋಲ್ಡರು. ಉಳಿದ ದೋಷಗಳಿಗೆ ಥರ್ಟೀನ್‌ಎಜಿ ಎಂಬ ಹೆಸರಿನ ಮಾಡರ್ ಕಟ್ಟಿದ ಫ್ಯೂಶನ್‌ಫಿಕ್ಸ್ ಇದೆ. ಅದಕ್ಕೆ ಹೋಮ್ ಕೀ ಇಲ್ಲ, ಮೇಲೆ ತೆರೆಯುವ ಕಿಟಕಿಯೂ ಇಲ್ಲ. ಅದು ತನ್ನ ಆಯ್ಕೆಗಳನ್ನು ಆಟದ ಸ್ವಂತ ಸೆಟ್ಟಿಂಗ್ಸ್ ಪುಟದೊಳಗೇ, ಅದೇ ಅಕ್ಷರದಲ್ಲಿ ಸೇರಿಸುತ್ತದೆ. ಇವತ್ತು ಹೊಸದಾಗಿ ಆಡಲು ಕೂತವರಿಗೆ ಆ ಪುಟದಲ್ಲಿ ಯಾವ ಸಾಲು ರಾಕ್‌ಸ್ಟಾರ್ ಬರೆದದ್ದು, ಯಾವುದು ಹೊರಗಿನವರು ಬರೆದದ್ದು ಎಂದು ಹೇಳುವುದು ಕಷ್ಟ.